ಎದುರುಮನೆಯ ಕಾಕಾ ಸೀರೆ ಉಡಿಸಲು ಕಲಿತದ್ದು

ಕಳೆದ ತಿಂಗಳು ನಮ್ಮ ಓಣಿಗೆ ಗಾದಿ ರಿಪೇರಿಯವರ ಗಾಡಿ ಬಂದಿತ್ತು. ಹಳೇ ಗಾದಿಯ ಹೊಲಿಗೆ ಬಿಚ್ಚಿ, ಗಂಟುಗಟ್ಟಿದ ಹತ್ತಿಯನ್ನು ಮಷೀನಿಗೆ ಹಾಕಿ ಬಿಡಿಸಿ, ಮತ್ತೆ ತುಂಬಿ ಹೊಲಿದುಕೊಡುತ್ತಾರೆ. ನಮ್ಮದೂ ಒಂದು ಕೊಟ್ಟೆ. ಮಷೀನು ಶುರುವಾದ ನಿಮಿಷಕ್ಕೆಲ್ಲ ಓಣಿ ತುಂಬ ಹತ್ತಿಯ ದೂಳು. ಅಕ್ಕಪಕ್ಕದವರು ಮೂಗಿಗೆ ಬಟ್ಟೆ ಹಿಡಿದುಕೊಂಡು ಒಳಗೆ ಹೋದರು. ನಾನು ಹೋಗಲಿಲ್ಲ. ಒಣಗಿದ, ಸ್ವಲ್ಪ ಜಿಡ್ಡು ಬೆರೆತ, ಬಿಸಿಲಿಗೆ ಕಾದ ಆ ವಾಸನೆ... ಎಷ್ಟು ದಿನವಾಗಿತ್ತು ಅದು ಮೂಗಿಗೆ ಬಿದ್ದು! ಎದುರುಮನೆಯ ಕಾಕಾನ ಕಟ್ಟೆಯ ಮೇಲೆ ವರ್ಷಗಟ್ಟಲೆ ಇದೇ ವಾಸನೆ ಇರುತ್ತಿತ್ತು.

ಅವರು ನಮಗೆ ಸಂಬಂಧಿಕರಲ್ಲ. ನನ್ನ ಗಂಡ ಚಿಕ್ಕಂದಿನಿಂದ ಅವರನ್ನು ಕಾಕಾ ಎಂದು, ಅವರ ಹೆಂಡತಿಯನ್ನು ಕಾಕಿ ಎಂದು ಕರೆಯುತ್ತಿದ್ದರು. ಮದುವೆಯಾಗಿ ಬಂದ ನಾನೂ ಹಾಗೇ ಕರೆದೆ.

ನಾನು ಮಲೆಬೆನ್ನೂರಿನವಳು. ಇಪ್ಪತ್ತೆರಡು ವರ್ಷದ ಹಿಂದೆ ದಾವಣಗೆರೆಯ ಈ ಓಣಿಗೆ ಸೊಸೆಯಾಗಿ ಬಂದೆ. ಒಂದು ಕಾಲಕ್ಕೆ ಇಲ್ಲಿ ಮನೆಗೊಬ್ಬರು ಬಟ್ಟೆ ಮಿಲ್ಲಿನಲ್ಲಿದ್ದರಂತೆ. ನಾನು ಬರುವ ಹೊತ್ತಿಗೆ ಮಿಲ್ಲು ಮುಚ್ಚಿ ಬಹಳ ಕಾಲವಾಗಿ, ಜನ ಅಂಗಡಿ, ಆಟೋ, ಮಂಡಕ್ಕಿ ಭಟ್ಟಿ ಎಂದು ದಿಕ್ಕಿಗೊಬ್ಬರಾಗಿದ್ದರು. ಓಣಿ ಎಷ್ಟು ಇಕ್ಕಟ್ಟೆಂದರೆ, ನಮ್ಮ ಕಟ್ಟೆಯ ಮೇಲೆ ಕೂತವರು ಎದುರಿನ ಕಟ್ಟೆಯವರ ಜೊತೆ ದನಿ ಎತ್ತದೇ ಮಾತಾಡಬಹುದಿತ್ತು.

ಬಂದ ಮಾರನೇ ದಿನ ಬೆಳಿಗ್ಗೆ ಬಾಗಿಲಿಗೆ ನೀರು ಹಾಕಲು ಹೊರಗೆ ಬಂದೆ. ಎದುರಿನ ಕಟ್ಟೆಯ ಮೇಲೆ ಒಬ್ಬ ಗಂಡಸು, ಐವತ್ತೈದರ ಆಸುಪಾಸಿನವರು, ಹೆಂಗಸೊಬ್ಬರನ್ನು ಎರಡು ಮೆಟ್ಟಿಲು ಕೆಳಗೆ ಕೂರಿಸಿಕೊಂಡು ತಲೆ ಬಾಚುತ್ತಿದ್ದರು. ಹಲ್ಲಿನಲ್ಲಿ ಕಪ್ಪು ರಿಬ್ಬನ್ನು ಕಚ್ಚಿಕೊಂಡಿದ್ದರು. ಗಂಡಸಿನ ಬಾಯಲ್ಲಿ ಜಡೆಯ ರಿಬ್ಬನ್ನು ನೋಡಿದ್ದು ಅದೇ ಮೊದಲು. ನನಗೆ ನಗು ಬಂತು. ಸೆರಗು ಬಾಯಿಗೆ ಒತ್ತಿಕೊಂಡರೂ ನಿಲ್ಲಲಿಲ್ಲ. ಅವರು ತಲೆ ಎತ್ತಿ ನನ್ನನ್ನು ಒಂದು ಸಲ ನೋಡಿದರು, ಮತ್ತೆ ಬಾಚಲು ಶುರು ಮಾಡಿದರು.

"ಏಯ್, ನೋಡಬ್ಯಾಡ, ಒಳಗ ಬಾ," ಎಂದರು ನಮ್ಮತ್ತೆ. ಒಳಗೆ ಬಂದ ಮೇಲೆ ಮೆಲ್ಲಗೆ, "ಅಕಿಗೆ ಲಕ್ವ ಹೊಡದೈತೆ. ಎರಡು ವರ್ಷ ಆತು. ಮನೆಯಾಗೆ ಎಲ್ಲಾ ಅವನೇ ಮಾಡ್ತಾನ," ಎಂದರು. ಅವರ ದನಿಯಲ್ಲಿ ಮೆಚ್ಚುಗೆ ಇತ್ತೋ ಅಸಹ್ಯವಿತ್ತೋ ನನಗೆ ಆಗ ತಿಳಿಯಲಿಲ್ಲ.

ಕಾಕಿಗೆ ಬಲಗಡೆ ಪೂರ್ತಿ ಬಿದ್ದುಹೋಗಿತ್ತು. ಹಿಡಿದುಕೊಂಡರೆ ಎಡಗಾಲಿನ ಮೇಲೆ ಭಾರ ಹಾಕಿ ನಾಲ್ಕು ಹೆಜ್ಜೆ ಎಳೆಯುತ್ತಿದ್ದರು. ಮಾತು ಹೋಗಿತ್ತು. ಉಳಿದದ್ದು ಎರಡೇ, "ಹೂಂ" ಮತ್ತು "ಬ್ಯಾಡ". ಹೂಂ ಅಷ್ಟಕ್ಕಷ್ಟೇ. ಬ್ಯಾಡ ಮಾತ್ರ ಓಣಿಯ ಕೊನೆಯ ಮನೆಗೂ ಕೇಳುವಷ್ಟು ಗಟ್ಟಿಯಾಗಿತ್ತು.

ಮಿಲ್ಲು ಮುಚ್ಚಿದ ಮೇಲೆ ಕಾಕಾ ಒಂದು ಬಟ್ಟೆ ಅಂಗಡಿಯಲ್ಲಿ ಕೆಲಸಕ್ಕಿದ್ದರಂತೆ. ಕಾಕಿ ಹಾಸಿಗೆ ಹಿಡಿದ ಹೊಸದರಲ್ಲಿ ಹಗಲು ನೋಡಿಕೊಳ್ಳಲು ಒಬ್ಬ ಹೆಂಗಸನ್ನು ಇಟ್ಟಿದ್ದರು. ಒಂದು ದಿನ ಅಂಗಡಿಯಿಂದ ಮಧ್ಯಾಹ್ನವೇ ಬಂದವರಿಗೆ ಕಂಡದ್ದು, ಬೆಳಿಗ್ಗೆ ತಾವು ಮಲಗಿಸಿ ಹೋದ ಜಾಗದಲ್ಲೇ ಒದ್ದೆ ಬಟ್ಟೆಯಲ್ಲಿ ಬಿದ್ದಿದ್ದ ಕಾಕಿ. ಆ ಹೆಂಗಸು ಪಕ್ಕದ ಮನೆಯಲ್ಲಿ ಟೀವಿ ನೋಡುತ್ತಿದ್ದಳು. ಕಾಕಾ ಜಗಳ ಮಾಡಲಿಲ್ಲ. ಮಾರನೇ ದಿನದಿಂದ ಅಂಗಡಿಗೆ ಹೋಗಲಿಲ್ಲ, ಅಷ್ಟೇ. ಹತ್ತಿ ತಂದು ಕಟ್ಟೆಯ ಮೇಲೆ ಕೂತು ದೀಪದ ಬತ್ತಿ ಹೊಸೆದು ಪೂಜಾ ಸಾಮಾನಿನ ಅಂಗಡಿಗಳಿಗೆ ಕೊಡಲು ಶುರು ಮಾಡಿದರು. ಮಿಲ್ಲಿನಲ್ಲಿ ಕಡಿದ ನೂಲನ್ನು ಕಣ್ಣು ಮುಚ್ಚಿ ಕೂಡಿಸುತ್ತಿದ್ದ ಬೆರಳುಗಳವು. ಕಾಕಿಯೂ ಪಕ್ಕದಲ್ಲಿ ಕೂತು ಎಡಗೈಯಿಂದ ಬತ್ತಿಗಳನ್ನು ಒಂದರ ಪಕ್ಕ ಒಂದು ಜೋಡಿಸುತ್ತಿದ್ದರು. ಒಂದು ಸೊಟ್ಟಗಾದರೂ "ಬ್ಯಾಡ" ಎಂದು ಆಚೆ ತಳ್ಳುತ್ತಿದ್ದರು.

ಅವರ ಮನೆಯ ದಿನಚರಿ ನಮ್ಮ ಮನೆಯ ಗಡಿಯಾರವಾಗಿತ್ತು. ಬೆಳಿಗ್ಗೆ ಬಸಿಯಲ್ಲಿ ಚಹಾ ಆರಿಸಿ ಕುಡಿಸುವುದು. ಆಮೇಲೆ ಸ್ನಾನ. ಆಮೇಲೆ ಕಟ್ಟೆಯ ಮೇಲೆ ತಲೆ ಬಾಚಿ ಕುಂಕುಮ ಇಡುವುದು. ಹತ್ತೂವರೆಗೆ ರೊಟ್ಟಿ ಬಡಿಯುವ ಸದ್ದು. ಆ ಸದ್ದಿನ ಮೇಲೇ ನಮ್ಮತ್ತೆ ಅವರ ರೊಟ್ಟಿಯ ಭವಿಷ್ಯ ಹೇಳುತ್ತಿದ್ದರು. "ಇವತ್ತು ನೀರು ಜಾಸ್ತಿ ಆಗೈತೆ ನೋಡು, ಪಚ್ ಪಚ್ ಅಂತೈತೆ." ಬಿಸಿ ರೊಟ್ಟಿಯನ್ನು ಹಾಲಿನಲ್ಲಿ ಹಿಸುಕಿ ಕಾಕಿಗೆ ತಿನ್ನಿಸುವಾಗ ಕಾಕಾ ಓಣಿಯ ಸುದ್ದಿಯನ್ನೆಲ್ಲ ಹೇಳುತ್ತಿದ್ದರು. ಕಾಕಿ ನಡುನಡುವೆ ಹೂಂ ಎನ್ನುತ್ತಿದ್ದರು.

ಓಣಿಗೆ ಇದನ್ನು ಸಹಿಸಲಾಗಲಿಲ್ಲ. ಹೆಂಡತಿಯನ್ನು ನೋಡಿಕೊಳ್ಳುವುದು ತಪ್ಪೆಂದು ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ. ಮಾಡುವುದಾದರೆ ಬಾಗಿಲು ಹಾಕಿಕೊಂಡು ಮಾಡಲಿ, ಬೀದಿಗೆ ಕಾಣುವಂತೆ ಯಾಕೆ ಎಂಬುದು ಅವರ ತಕರಾರು. ಪಾನ್ ಅಂಗಡಿಯ ಹತ್ತಿರ ನಿಲ್ಲುವ ಗಂಡಸರು ಕಾಕಾ ಹಾದುಹೋದರೆ "ಅವ್ವಾರು ಬಂದ್ರು" ಎನ್ನುತ್ತಿದ್ದರು. ಒಂದು ಸಲ ನನ್ನೆದುರಿಗೇ ಅಂದರು. ಕಾಕಾ ನಿಂತು, ತಿರುಗಿ, "ಹೌದಪ್ಪ, ಬಂದೀನಿ. ಏನಾಗ್ಬೇಕಿತ್ತು?" ಎಂದು ಕೇಳಿದರು. ಯಾರಿಗೂ ಏನೂ ಆಗಬೇಕಿರಲಿಲ್ಲ. ಅವರು ಎರಡು ಬಾಳೆಹಣ್ಣು ಕೊಂಡು ಮನೆಗೆ ಹೋದರು.

ಬಟ್ಟೆಯ ಜಗಳ ಇದಕ್ಕಿಂತ ದೊಡ್ಡದು. ಕಾಕಾ ಹೆಂಡತಿಯ ನೈಟಿ, ಲಂಗ, ಒಳಗಿನ ಬಟ್ಟೆ ಎಲ್ಲವನ್ನೂ ಒಗೆದು ಮುಂಬಾಗಿಲಿನ ತಂತಿಯ ಮೇಲೆ ತಮ್ಮ ಪಂಚೆಯ ಪಕ್ಕದಲ್ಲೇ ಹರವುತ್ತಿದ್ದರು. ಓಣಿಯ ಹಿರಿಯರೊಬ್ಬರು ಬಂದು, ಹೆಣ್ಣುಮಕ್ಕಳು ಓಡಾಡುವ ಜಾಗ, ಹಿತ್ತಲಲ್ಲಿ ಒಣಹಾಕು ಎಂದರು.

"ಹಿತ್ಲಾಗೆ ಬಿಸ್ಲು ಬರಲ್ರಿ. ಒದ್ದಿ ಬಟ್ಟಿ ಹಾಕಿದ್ರೆ ಅಕಿಗೆ ಮೈ ಕೆರೀತೈತೆ."

"ಅಲ್ಲೋ, ನಾಚ್ಕಿ ಅನ್ನೋದು ಒಂದು ಬ್ಯಾಡೇನು?"

"ಲಂಗ ಒಣಗ್ಸಾಕ ಎಂಥಾ ನಾಚ್ಕಿ? ನಿಮ್ಮನೆಯಾಗೆ ಒಗಿಯಂಗೇ ಇಲ್ಲೇನ್ರಿ?"

ಹಿರಿಯರು ಕೈಯಲ್ಲಿದ್ದ ಕೊಡೆಯನ್ನು ನೆಲಕ್ಕೆ ಬಡಿಯುತ್ತಾ ಹೋದರು. ನಮ್ಮ ಅಡುಗೆಮನೆಯ ಕಿಟಕಿಯಿಂದ ಇದನ್ನು ಕೇಳಿಸಿಕೊಂಡ ಅತ್ತೆ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ನಗುವುದನ್ನು ನಾನು ನೋಡಿದೆ.

ಕಾಕಾನ ಅಣ್ಣ ಹರಿಹರದಲ್ಲಿದ್ದರು. ಭತ್ತದ ವ್ಯಾಪಾರ, ದೊಡ್ಡ ಮನೆ, ಊರಲ್ಲಿ ಹೆಸರು. ಮನೆತನದ ಹೊಲವನ್ನೂ ಅವರೇ ನೋಡಿಕೊಳ್ಳುತ್ತಿದ್ದರು. ವರ್ಷಕ್ಕೆರಡು ಸಲ ಅಕ್ಕಿಯ ಮೂಟೆಯ ಜೊತೆ ತಾವೂ ಬಂದು ತಮ್ಮನಿಗೆ ಬುದ್ಧಿ ಹೇಳಿ ಹೋಗುತ್ತಿದ್ದರು. ಮಕ್ಕಳಾಗಲಿಲ್ಲವೆಂದು ಹಿಂದೆ ಎರಡನೇ ಮದುವೆಗೆ ಒತ್ತಾಯ ಮಾಡಿದವರೂ ಅವರೇ. ಕಾಕಿಯ ತವರು ಸಾರಥಿ ಎಂಬ ಊರು. ಅಲ್ಲಿ ಅವರ ಅಣ್ಣನ ಮನೆಯಲ್ಲಿ ದನದ ಕೊಟ್ಟಿಗೆಯ ಪಕ್ಕ ಒಂದು ಕೋಣೆ ಖಾಲಿ ಇದೆ, ಅಲ್ಲಿಗೆ ಕಳಿಸಿ ನೀನು ಹರಿಹರಕ್ಕೆ ಬಂದು ಅಂಗಡಿಯಲ್ಲಿ ಕೂಡು ಎಂಬುದು ಈಗಿನ ಬುದ್ಧಿಮಾತು. ಕಾಕಿ ಅಲ್ಲೇ ಕೂತಿರುತ್ತಿದ್ದರು. ಮಾತು ಹೋದವರಿಗೆ ಕಿವಿಯೂ ಹೋಗಿದೆ ಎಂದು ಅಣ್ಣ ತಿಳಿದಂತಿತ್ತು.

"ಲಕ್ವ ನನಗ ಹೊಡದಿದ್ರೆ ಅಕಿ ನನ್ನ ಎಲ್ಲಿಗೆ ಕಳಿಸ್ತಿದ್ಲು ಅಂತೀ?" ಎಂದು ಕಾಕಾ ಒಂದೇ ಮಾತು ಕೇಳಿದರು. ಅಣ್ಣ ಚಹಾ ಮುಗಿಸಿ ಎದ್ದರು.

ಹರಿಹರದ ಆ ಅಣ್ಣನಿಗೆ ಒಬ್ಬಳೇ ಮಗಳು. ಅವಳು ಒಂದನೇ ಕ್ಲಾಸಿನಿಂದ ಹತ್ತನೇ ಕ್ಲಾಸಿನವರೆಗೆ ಓದಿದ್ದು ದಾವಣಗೆರೆಯಲ್ಲಿ, ಬೆಳೆದಿದ್ದು ಎದುರುಮನೆಯಲ್ಲಿ. ಹತ್ತು ವರ್ಷ ದಿನಾ ಎರಡು ಜಡೆ ಹೆಣೆದು, ಡಬ್ಬಿಗೆ ರೊಟ್ಟಿ ಸುತ್ತಿಟ್ಟು, ಶಾಲೆಯ ಗೇಟಿನವರೆಗೆ ಹೋಗಿ ಬಿಟ್ಟುಬರುತ್ತಿದ್ದವರು ಕಾಕಿ. ಲಕ್ವ ಹೊಡೆದ ವರ್ಷ ಆ ಹುಡುಗಿಯನ್ನು ಹರಿಹರಕ್ಕೆ ಕರೆಸಿಕೊಂಡರು. ಆಮೇಲೆ ಅವಳು ಬಂದದ್ದು ಕಡಿಮೆ.

ನಾನು ಬಂದ ನಾಲ್ಕನೇ ವರ್ಷ ಅವಳ ಮದುವೆ ಗೊತ್ತಾಯಿತು. ಕಾರ್ಡು ಕೊಡಲು ಅವಳ ಅಪ್ಪ ಅಮ್ಮ ಕಾರಿನಲ್ಲಿ ಬಂದರು. ನಮ್ಮ ಮನೆಗೂ ಒಂದು ಕೊಟ್ಟರು. ಎದುರುಮನೆಯ ಬಾಗಿಲಲ್ಲಿ ನಿಂತೇ ಅವಳ ಅಮ್ಮ ಕಾಕಾನಿಗೆ ಹೇಳಿದ್ದು ನಮ್ಮ ಕಟ್ಟೆಗೆ ಕೇಳಿಸಿತು.

"ನೀವು ಎರಡು ದಿನ ಮೊದ್ಲೇ ಬಂದ್ಬಿಡ್ರಿ. ತಂಗೀನ ಮಾತ್ರ ಕರ್ಕೊಂಡ್ ಬರಾದು ಬ್ಯಾಡ. ತಪ್ಪು ತಿಳಿಬ್ಯಾಡ್ರಿ ಮತ್ತ. ಬೀಗರ ಕಡೆ ದೊಡ್ಡ ದೊಡ್ಡ ಜನ ಬರ್ತಾರ. ಅಕಿಗೆ ಬಾಯಿಂದ ಸೋರತೈತೆ... ನೋಡಿದವ್ರು ಏನಂತಾರ?"

ಒಳಗೆ ಗೋಡೆಗೆ ಒರಗಿ ಕೂತಿದ್ದ ಕಾಕಿ ಅದನ್ನು ಕೇಳಿಸಿಕೊಂಡರು. ಅವತ್ತು ಹಾಲು ರೊಟ್ಟಿ ಬಾಯಿಯ ಹತ್ತಿರ ಬಂದಾಗಲೆಲ್ಲ "ಬ್ಯಾಡ". ಸಂಜೆಯೂ ಬ್ಯಾಡ. ಮಾರನೇ ದಿನ ಬೆಳಿಗ್ಗೆ ಚಹಾದ ಬಸಿಯನ್ನೇ ಎಡಗೈಯಿಂದ ತಳ್ಳಿದರು. ಬಸಿ ಒಡೆಯಿತು. ಕಾಕಾ ಚೂರುಗಳನ್ನು ಆರಿಸುತ್ತಾ, "ಹೂಂ, ತಿಳೀತು. ಹೋಗಾಣ. ಈಗರ ಒಂದ್ ಗುಟುಕು ಕುಡಿ," ಎಂದರು. ಕಾಕಿ ಕುಡಿದರು.

ಹೋಗುವುದು ಎಂದಾಯಿತು. ಆದರೆ ಆರು ವರ್ಷದಿಂದ ಕಾಕಿ ನೈಟಿಯಲ್ಲೇ ಇದ್ದವರು. ಮದುವೆಗೆ ಸೀರೆ ಉಡಬೇಕು. ಕಾಕಾನಿಗೆ ಜಗತ್ತಿನ ಎಲ್ಲ ಮನೆಗೆಲಸವೂ ಬರುತ್ತಿತ್ತು, ಸೀರೆ ಉಡಿಸುವುದೊಂದು ಬರುತ್ತಿರಲಿಲ್ಲ. ಅವತ್ತು ಸಂಜೆ ನಮ್ಮ ಕಟ್ಟೆಯ ಹತ್ತಿರ ಬಂದು ನಿಂತು, ನಮ್ಮತ್ತೆಗೆ ಹೇಳಿದರು.

"ಅಕ್ಕಾರ, ನಿಮ್ಮ ಸೊಸಿ ನನಗ ಸೀರೆ ಉಡ್ಸಾದು ಕಲಿಸ್ಬೇಕು."

ಅತ್ತೆ ಗಾಬರಿಯಾದರು. "ಮದುವಿ ದಿನ ನಾವೇ ಬಂದು ಉಡಿಸ್ತೀವಿ ಬಿಡು. ನಿನಗ್ಯಾಕ ಅದೆಲ್ಲ?"

"ಅಲ್ಲಿ ಮಂಟಪದಾಗೆ ಬಚ್ಚಲಿಗೆ ಕರ್ಕೊಂಡ್ ಹೋಗ್ಬೇಕಾಗ್ತೈತೆ. ಬಿಚ್ಚಿದ್ರೆ ಮತ್ತ ಉಡ್ಸೋರು ಯಾರು? ಅಲ್ಲಿ ಯಾರನ್ನೂ ಕೇಳಾಕ ನನಗ ಮನಸ್ಸಿಲ್ಲ."

ಅವರು ಹೇಳುವುದು ಸರಿಯೇ. ಆದರೆ ಹರೆಯದ ಸೊಸೆ ಪರಗಂಡಸಿನ ಮನೆಯೊಳಗೆ ಹೋಗಿ ಸೀರೆ ಉಡಿಸುವುದನ್ನು ಕಲಿಸುವುದೆಂದರೆ? ಅವರನ್ನು ನಮ್ಮ ಮನೆಯೊಳಗೆ ಕರೆಸಿಕೊಳ್ಳುವುದೆಂದರೆ? ಅತ್ತೆ "ನೋಡಾಣ" ಎಂದು ಮಾತು ತೇಲಿಸಿದರು. ಕಾಕಾ ಹೋದ ಮೇಲೆ ನಾನು ಪಾತ್ರೆ ತೊಳೆಯುತ್ತಾ ಯೋಚಿಸಿದೆ. ಒಳಗೆ ಮಾಡಿದರಲ್ಲವೇ ಜನ ಮಾತಾಡುವುದು? ಹೊರಗೇ ಮಾಡಿದರೆ?

ಮಾರನೇ ದಿನ ಬೆಳಿಗ್ಗೆ ನನ್ನ ಹಳೇ ವಾಯಿಲ್ ಸೀರೆಯೊಂದನ್ನು ತೆಗೆದುಕೊಂಡು ನಮ್ಮ ಕಟ್ಟೆಯ ಮೇಲೆ ನಿಂತೆ. "ಕಾಕಾ, ನೀವೂ ಒಂದು ತಗೊಂಡ್ ಬರ್ರಿ," ಎಂದು ಕೂಗಿದೆ. ಅವರು ಒಂದು ಕ್ಷಣ ನನ್ನನ್ನೇ ನೋಡಿ, ಒಳಗೆ ಹೋಗಿ ಕಾಕಿಯ ನೀಲಿ ಸೀರೆ ತಂದರು. ಉಟ್ಟ ಸೀರೆಯ ಮೇಲೆಯೇ ನಾನು ಇನ್ನೊಂದನ್ನು ಸುತ್ತಿಕೊಂಡೆ. ಎದುರಿನ ಕಟ್ಟೆಯ ಮೇಲೆ ಅವರು ಪಂಚೆಯ ಮೇಲೆ ಸುತ್ತಿಕೊಂಡರು. ಕಾಕಿ ಮೆಟ್ಟಿಲ ಮೇಲೆ ಕೂತು ನಮ್ಮಿಬ್ಬರನ್ನೂ ನೋಡುತ್ತಿದ್ದರು.

"ಬಲಗಡೆ ಸಿಗಿಸ್ರಿ. ಒಂದು ಸುತ್ತು ಬರ್ರಿ. ಹಾಂ, ಅಲ್ಲೇ ಬಿಡ್ರಿ. ಈಗ ನಿರಿಗೆ. ಹೆಬ್ಬೆಟ್ಟಿಂದ ಕಿರುಬೆರಳಿಗೆ..."

ನೀರಿನ ಕೊಡ ಹೊತ್ತು ಹೋಗುತ್ತಿದ್ದವರು ನಿಂತರು. ಎರಡು ಮನೆಯ ಮಾಳಿಗೆಯಿಂದ ತಲೆಗಳು ಹೊರಬಂದವು. ಪಾನ್ ಅಂಗಡಿಯಿಂದ ಯಾರೋ ಸಿಳ್ಳೆ ಹಾಕಿದರು. ಕಾಕಾ ಅತ್ತ ನೋಡಲೇ ಇಲ್ಲ. "ನಾಕು... ಐದು... ಇಷ್ಟು ಸಾಕೇನವ್ವ, ಇನ್ನೊಂದು ಬೇಕೇನು?" ಎಂದು ನಿರಿಗೆ ಎಣಿಸುತ್ತಿದ್ದರು. ನನ್ನ ಕೆನ್ನೆ ಉರಿಯುತ್ತಿತ್ತು. ಅಷ್ಟರಲ್ಲಿ ಹಲ್ಲುಜ್ಜುತ್ತಿದ್ದ ನನ್ನ ಗಂಡ ಹೊರಗೆ ಬಂದು ನೋಡಿ ಬ್ರಷ್ಷನ್ನು ಬಾಯಿಂದ ತೆಗೆದರು.

"ಏನ್ ನಾಟ್ಕ ಇದು? ಒಳಗ ನಡಿ."

ಮದುವೆಯಾಗಿ ನಾಲ್ಕು ವರ್ಷದಲ್ಲಿ ಅವರ ಮಾತಿಗೆ ಎದುರು ಹೇಳಿದವಳಲ್ಲ ನಾನು. ಅವತ್ತು ಬಾಯಿಗೆ ಹೇಗೆ ಬಂತೋ.

"ಸೆರಗು ಬಾಕಿ ಐತ್ರಿ. ಮುಗಿಸಿ ಬರ್ತೀನಿ."

ನನ್ನ ಗಂಡನ ಮುಖ ಕೆಂಪಾಯಿತು. ಆಗ ಒಳಗಿನಿಂದ ನಮ್ಮತ್ತೆ ಬಂದರು. ನನಗೆ ಬೈಗುಳ ಬೀಳುತ್ತದೆ ಎಂದುಕೊಂಡೆ. ಅವರು ಮಗನ ಕಡೆ ತಿರುಗಿಯೂ ನೋಡದೆ ನನ್ನ ಸೊಂಟದ ನಿರಿಗೆಯನ್ನು ಕಿತ್ತು, "ಕಲಿಸಾದಾದ್ರೆ ನೆಟ್ಟಗೆ ಕಲಿಸು. ಕೂತಿರೋ ಹೆಣ್ಮಗಳಿಗೆ ಇಷ್ಟು ಕೆಳಗ ಸಿಗಿಸಿದ್ರೆ ಕಾಲಿಗೆ ತೊಡರತೈತೆ. ನೋಡಪ್ಪ ಇಲ್ಲಿ, ಒಂದ್ ಗೇಣು ಮ್ಯಾಲೆ," ಎಂದರು. ಎಡಗೈಯಲ್ಲಿ ನಿರಿಗೆ ಹಿಡಿದು ಎದುರಿನ ಕಟ್ಟೆಗೆ ಕಾಣುವಂತೆ ಎತ್ತಿ ತೋರಿಸಿದರು.

ಹಾಗೆ ಮೂರು ದಿನ ನಡೆಯಿತು. ಮೂರನೇ ದಿನ ಯಾರೂ ನಿಂತು ನೋಡಲಿಲ್ಲ. ನೋಡಲು ಹೊಸದೇನೂ ಉಳಿದಿರಲಿಲ್ಲ.

ಮದುವೆಯ ದಿನ ಕಾಕಾ ಒಂದು ಆಟೋ ಮಾಡಿಕೊಂಡರು. ಅತ್ತೆ, ನಾನು, ನನ್ನ ಗಂಡ ಹಿಂದೆಯೇ ಬಸ್ಸಿನಲ್ಲಿ ಹೋದೆವು. ಹರಿಹರದ ಕಲ್ಯಾಣ ಮಂಟಪದ ಬಾಗಿಲಲ್ಲಿ ನಾವು ಇಳಿಯುವ ಹೊತ್ತಿಗೆ ಅವರೂ ಆಗ ತಾನೇ ಇಳಿದಿದ್ದರು. ಕಾಕಿ ಹಸಿರು ರೇಷ್ಮೆ ಸೀರೆ ಉಟ್ಟಿದ್ದರು. ನಿರಿಗೆ ಸಮನಾಗಿ ಕೂತಿತ್ತು, ಕಾಲಿಗೆ ತೊಡರದಂತೆ ಒಂದು ಗೇಣು ಮೇಲೆ. ಜಡೆಯ ತುಂಬ ಮಲ್ಲಿಗೆ. ಗಂಡನ ತೋಳು ಹಿಡಿದು, ಕಾಲೆಳೆಯುತ್ತಾ, ಜನರ ನಡುವಿನಿಂದ ನಡೆದರು.

ಮದುಮಗಳ ತಾಯಿ ಓಡಿಬಂದರು. ಮುಖದಲ್ಲಿ ನಗು ಅಂಟಿಸಿಕೊಂಡಿದ್ದರು, ಕಣ್ಣು ಬೇರೆಯೇ ಹೇಳುತ್ತಿತ್ತು. "ಬರ್ರಿ ಬರ್ರಿ... ತಂಗಿಗೆ ಇಲ್ಲಿ ಗದ್ಲದಾಗೆ ತ್ರಾಸು ಆಗ್ತೈತೆ. ಒಳಗ ರೂಮಿನಾಗೆ ಕೂಡ್ಸೋಣು. ಊಟ ಅಲ್ಲಿಗೇ ಕಳಿಸ್ತೀನಿ," ಎನ್ನುತ್ತಾ ಕಾಕಿಯ ಎಡಗೈ ಹಿಡಿದರು.

ಕಾಕಿ ಕೈ ಬಿಡಿಸಿಕೊಂಡರು.

"ಬ್ಯಾಡ."

"ಹಂಗಲ್ಲ ತಂಗಿ..."

"ಬ್ಯಾಡ! ಬ್ಯಾಡ!"

ಸುತ್ತ ಇದ್ದವರೆಲ್ಲ ತಿರುಗಿ ನೋಡಿದರು. ಕಾಕಾ ಮೆತ್ತಗೆ, "ಅಕಿ ಹೇಳಿದ್ದು ಕೇಳ್ತಲ್ಲ?" ಎಂದು, ಹೆಂಡತಿಯನ್ನು ಕರೆದುಕೊಂಡು ಮುಂದಿನ ಸಾಲಿನಲ್ಲಿ ಕೂರಿಸಿದರು. ಅಕ್ಷತೆಯಾದ ಮೇಲೆ ಮೊದಲನೇ ಪಂಕ್ತಿಗೇ ಊಟಕ್ಕೆ ಕೂತರು. ಎದುರು ಸಾಲಿನಲ್ಲಿ ಬೀಗರು. ಕಾಕಾ ಹೋಳಿಗೆಯನ್ನು ತುಪ್ಪದಲ್ಲಿ ಕಿವುಚಿ ತುತ್ತು ಮಾಡಿ ತಿನ್ನಿಸಿದರು. ಬಾಯಿಯ ಬಲತುದಿಯಿಂದ ಸೋರಿತು. ಹೆಗಲ ಮೇಲಿನ ಶಲ್ಯದಿಂದ ಒರೆಸಿದರು. ಮತ್ತೊಂದು ತುತ್ತು. ಕಾಕಿಯ ಪಕ್ಕ ಕೂತಿದ್ದ ರೇಷ್ಮೆ ಸೀರೆಯ ಹೆಂಗಸೊಬ್ಬಳು ಮೂಗು ಮುರಿದು, ಎದ್ದು ಬೇರೆ ಕಡೆ ಹೋದಳು. ಆ ಖಾಲಿ ಜಾಗ ಎಲ್ಲರಿಗೂ ಕಂಡಿತು. ಆಗ ನಮ್ಮತ್ತೆ, ಎರಡನೇ ಪಂಕ್ತಿಗೆ ಕೂಡೋಣ ಎಂದು ನನ್ನ ಜೊತೆ ನಿಂತಿದ್ದವರು, ಹೋಗಿ ಆ ಎಲೆಯ ಮುಂದೆ ಕೂತುಬಿಟ್ಟರು. ಬಡಿಸುವವನು ದಾಟಿಹೋಗುತ್ತಿದ್ದ. ಕಾಕಾ ಅವನನ್ನು ಕರೆದರು.

"ಏ ತಮ್ಮಾ, ಇಲ್ಲಿ ಇನ್ನೊಂದು ಹೋಳಿಗಿ ಹಾಕು. ತುಪ್ಪ ಕೈ ಬಿಟ್ಟು ಹಾಕು. ನಮ್ಮನೆಯಾಕಿಗೆ ತುಪ್ಪ ಅಂದ್ರೆ ಬಾಳ ಇಷ್ಟ."

ಊಟವಾದ ಮೇಲೆ ಮದುಮಗಳು ಹಿರಿಯರ ಕಾಲಿಗೆ ಬೀಳುತ್ತಾ ನಮ್ಮ ಕಡೆ ಬಂದಳು. ಕಾಕಿಯನ್ನು ನೋಡಿದವಳೇ ಒಂದು ಗಳಿಗೆ ತಬ್ಬಿಬ್ಬಾಗಿ ನಿಂತಳು. ಆಮೇಲೆ ಬಗ್ಗಿ ಪಾದ ಮುಟ್ಟಿದಳು. ಅವಳ ಜಡೆಯಿಂದ ಒಂದು ಎಳೆ ಹೂವು ಜಾರಿ ನೇತಾಡುತ್ತಿತ್ತು. ಕಾಕಿ ಎಡಗೈಯಿಂದ ಅದನ್ನು ಹಿಡಿದು, ಎರಡು ಸಲ ತಪ್ಪಿ, ಮೂರನೇ ಸಲ ಜಡೆಯೊಳಗೆ ಸಿಗಿಸಿದರು. ಹುಡುಗಿ ಏನೋ ಹೇಳಲು ಹೊರಟಳು... ಅಷ್ಟರಲ್ಲಿ ಅವಳ ತಾಯಿ ಫೋಟೋಕ್ಕೆ ಕರೆದರು, ಹೋದಳು.

ಆ ವರ್ಷದಿಂದ ಹರಿಹರದ ಅಕ್ಕಿ ಬರುವುದು ನಿಂತಿತು. ಅಣ್ಣನೂ ಬರಲಿಲ್ಲ. ಆದರೆ ಆಮೇಲೆ ಕಾಕಾ ಶುಕ್ರವಾರಕ್ಕೊಂದು ಸಲ ಕಾಕಿಗೆ ನೈಟಿ ಬಿಟ್ಟು ಸೀರೆ ಉಡಿಸಲು ಶುರು ಮಾಡಿದರು. ಉಡಿಸಿ ಕಟ್ಟೆಯ ಮೇಲೆ ಕೂರಿಸಿ, ನಮ್ಮತ್ತೆಯನ್ನು ಕರೆದು, "ಹೆಂಗೈತೆ ಅಕ್ಕಾರ?" ಎಂದು ಕೇಳುತ್ತಿದ್ದರು. ಅತ್ತೆ ಏನಾದರೂ ಒಂದು ತಪ್ಪು ಹುಡುಕಿಯೇ ಹುಡುಕುತ್ತಿದ್ದರು.

ಕಾಕಿ ಮತ್ತೂ ಹನ್ನೊಂದು ವರ್ಷ ಬದುಕಿದರು. ಹೋದದ್ದು ಒಂದು ಬೆಳಿಗ್ಗೆ, ಚಹಾ ಕುಡಿದ ಮೇಲೆ. ಮುತ್ತೈದೆಯ ಸಾವು, ಓಣಿಯ ಹೆಂಗಸರೆಲ್ಲ ಸೇರಿದರು. ಮೈ ತೊಳೆದು, ತಲೆ ಬಾಚಿ, ಸೀರೆ ಉಡಿಸಿ, ಉಡಿ ತುಂಬುವುದು ಹೆಂಗಸರ ಕೆಲಸ. ಕಾಕಾನನ್ನು ಹೊರಗೆ ಹೋಗು ಎಂದರು. ಅವರು ಹಸಿರು ರೇಷ್ಮೆ ಸೀರೆ ಹಿಡಿದುಕೊಂಡು ಬಾಗಿಲಲ್ಲೇ ನಿಂತರು.

"ಇಷ್ಟು ವರ್ಷ ನಾನೇ ಮಾಡೀನಿ. ಇವತ್ತೊಂದಿನಕ್ಕ ನೀವ್ಯಾಕ?"

"ಶಾಸ್ತ್ರ ಅಂತ ಒಂದು ಐತಪ್ಪ," ಎಂದಿತು ಒಂದು ಮುದುಕಿ.

"ಇದೂ ಶಾಸ್ತ್ರಾನೇ. ಹದಿನೇಳು ವರ್ಷದ್ದು."

ಯಾರೂ ಸರಿಯಲಿಲ್ಲ. ನಾನು ಅತ್ತೆಯ ಮುಖ ನೋಡಿದೆ. ಅತ್ತೆ ನನ್ನ ಮುಖ ನೋಡಿದರು. ಇಬ್ಬರೂ ಎದ್ದು, ಉಳಿದವರನ್ನು ಹೊರಗೆ ಕರೆದುಕೊಂಡು ಬಂದು ಬಾಗಿಲು ಎಳೆದೆವು. ಒಳಗಿನಿಂದ ಅವರು ಮೆಲ್ಲಗೆ ಮಾತಾಡುವುದು ಕೇಳಿಸುತ್ತಿತ್ತು. ಏನು ಹೇಳಿದರೋ... ಬಾಗಿಲು ತೆರೆದಾಗ ಕಾಕಿ ಅವತ್ತಿನ ಮದುವೆಗೆ ಹೊರಟವರ ಹಾಗೆ ಗೋಡೆಗೆ ಒರಗಿದ್ದರು. ಉಡಿ ತುಂಬುವುದನ್ನು ನಾವು ಮಾಡಿದೆವು.

ಅವರನ್ನು ದೇವರ ಸ್ಥಾನದಲ್ಲಿ ಕೂರಿಸಿ ಬರೆಯುವ ಆಸೆ ನನಗಿಲ್ಲ. ಕಾಕಿ ಹೋದ ಮೇಲೆ ಒಂದು ಮಧ್ಯಾಹ್ನ, ಕಟ್ಟೆಯ ಮೇಲೆ ಅವರೊಬ್ಬರೇ ಕೂತಿದ್ದಾಗ ನಾನು ಕೇಳಿದ್ದೆ.

"ಕಾಕಾ, ನಿಮಗ ಯಾವತ್ತೂ ಬ್ಯಾಸ್ರ ಆಗ್ಲಿಲ್ಲೇನು?"

"ಆಗ್ತಿತ್ತಲ್ಲ! ಬಾಳ ಸಲ ಆಗೈತೆ. ಒಂದಿನ ಮೂರು ಸಲ ಹಾಸ್ಗಿ ಬದಲಾಯಿಸಿದ ಮ್ಯಾಲೆ ಮತ್ತ ಒದ್ದಿ ಮಾಡಿದ್ಲು. ಬಡಿಯಾಕ ಕೈ ಎತ್ತಿದ್ದೆ ನಾನು."

ಅವರು ಕೈಯಲ್ಲಿದ್ದ ಬತ್ತಿಯನ್ನು ಕೆಳಗಿಟ್ಟರು.

"ಅಕಿ ಬ್ಯಾಡ ಅಂದ್ಲು. ಕಿರುಚಲಿಲ್ಲ, ಅಳಲಿಲ್ಲ. ನನ್ನ ಕಣ್ಣಾಗ ಕಣ್ಣಿಟ್ಟು ಬ್ಯಾಡ ಅಂದ್ಲು. ಕೈ ಹಂಗೇ ನಿಂತ್ಬಿಡ್ತು." ಬತ್ತಿಯನ್ನು ಮತ್ತೆ ಕೈಗೆತ್ತಿಕೊಂಡು, "ಮನೆಯಾಗೆ ಯಜಮಾನಿಕಿ ಅಕಿದೇ ಇತ್ತವ್ವ. ಜನ ನಾನು ಅಂತ ತಿಳ್ಕೊಂಡಿದ್ರು," ಎಂದು ನಕ್ಕರು.

ನಮ್ಮತ್ತೆ ಕಾಕಿಯ ಹಿಂದೆಯೇ ಎರಡು ವರ್ಷಕ್ಕೆ ಹೋದರು. ನನ್ನ ಗಂಡ ಪೂರಾ ಬದಲಾಗಿಬಿಟ್ಟರು ಎಂದು ಬರೆದರೆ ಸುಳ್ಳಾಗುತ್ತದೆ. ಈಗಲೂ ನನ್ನ ಬಟ್ಟೆಯನ್ನು ತಂತಿಗೆ ಹಾಕು ಎಂದರೆ ಆ ಕಡೆ ಈ ಕಡೆ ನೋಡುತ್ತಾರೆ. ಆದರೆ ಹಾಕುತ್ತಾರೆ.

ಕಾಕಾ ಕಳೆದ ವರ್ಷ ತೀರಿಕೊಂಡರು. ಹರಿಹರದಿಂದ ಅಣ್ಣನ ಕಡೆಯವರು ಬಂದು ಕಾರ್ಯ ಮಾಡಿದರು. ಅಣ್ಣನ ಮಗಳೂ ಬಂದಿದ್ದಳು, ಹಿಂದಿನ ಸಾಲಿನಲ್ಲಿ ಒಬ್ಬಳೇ ಕೂತು ಬಹಳ ಅತ್ತಳು. ಊಟದ ಹೊತ್ತಿಗೆ ಅವಳ ತಾಯಿ, ಈಗ ಅವರಿಗೂ ವಯಸ್ಸಾಗಿದೆ, ನನ್ನ ಪಕ್ಕದವರಿಗೆ ಹೇಳುತ್ತಿದ್ದರು. "ಪಾಪ, ನಮ್ಮ ಮೈದುನಂದು ಒಂದು ಜನ್ಮಾನೇ ಹಾಳಾತು ನೋಡ್ರಿ. ಹೇಲು ಉಚ್ಚಿ ಬಳಿಯದ್ರಾಗೇ ಹೋತು."

ನಾನು ಎಲೆಯ ಮುಂದಿನಿಂದ ಎದ್ದೆ. "ಹಾಳಾಗಿಲ್ರಿ. ಅವ್ರಿಗೆ ಪಾಪ ಅನಬ್ಯಾಡ್ರಿ," ಎಂದೆ. ದನಿ ನಾನು ಅಂದುಕೊಂಡದ್ದಕ್ಕಿಂತ ಜೋರಾಗಿತ್ತು. ಎಲ್ಲರೂ ನೋಡಿದರು.

"ಮತ್ತೇನ್ ಅನಬೇಕು?" ಎಂದರು ಆಕೆ, ಸಿಟ್ಟಿನಿಂದಲ್ಲ, ನಿಜಕ್ಕೂ ತಿಳಿಯದವರಂತೆ.

ನಾನು ಕೈ ತೊಳೆದುಕೊಂಡು ಬಂದುಬಿಟ್ಟೆ.

ಎದುರುಮನೆಯನ್ನು ಕೊಂಡವರು ಕಟ್ಟೆ ಒಡೆದು, ಓಣಿಯ ಅಂಚಿನವರೆಗೂ ಗೋಡೆ ಎಬ್ಬಿಸಿದ್ದಾರೆ. ಕೆಳಗೆ ಕಾರಿಗೆ ಶಟರು, ಮೇಲೆ ಎರಡು ಅಂತಸ್ತು. ಒಳ್ಳೆಯ ಜನ, ಎದುರಾದರೆ ನಗುತ್ತಾರೆ. ಆದರೆ ಬೆಳಿಗ್ಗೆ ನಾನು ಬಾಗಿಲು ತೆರೆದರೆ ಬೂದು ಬಣ್ಣದ ಶಟರೊಂದೇ ಎದುರಿಗಿರುತ್ತದೆ. ಒಳಗೆ ಯಾರು ಯಾರಿಗೆ ಏನು ಮಾಡುತ್ತಿದ್ದಾರೋ, ಯಾರು ಯಾರಿಗೆ ಮಾಡುತ್ತಿಲ್ಲವೋ, ಈಗ ಓಣಿಗೆ ಏನೂ ಕಾಣುವುದಿಲ್ಲ. ನೀರು ಹಾಕಿ ಒಂದು ನಿಮಿಷ ಅಲ್ಲೇ ನಿಲ್ಲುತ್ತೇನೆ. ಆಮೇಲೆ ಒಳಗೆ ಬರುತ್ತೇನೆ, ಬಾಗಿಲನ್ನು ಮಾತ್ರ ತೆರೆದೇ ಬಿಡುತ್ತೇನೆ.